ಸೆರೆ ಬಿಡಿಸಹೋದವರು

ಮಹಾಭಾರತದ ಉದ್ಯೋಗಪರ್ವದಲ್ಲಿ ಶ್ರೀಕೃಷ್ಣನು ಪಾಂಡವರ ಪರವಾಗಿ ಹಸ್ತಿನಾವತಿಗೆ ಸಂಧಾನಕ್ಕೆ ಹೋದ ಕಥೆಯನ್ನು ನಮ್ಮಲ್ಲಿ ಕೇಳದವರಾರು? ಗಮಕಿಗಳ ಬಾಯಿಂದಲೋ, ಬಯಲಾಟದ ರಂಗಸ್ಥಳದಲ್ಲಿಯೋ, ತಾಳಮದ್ದಲೆಯ ಅರ್ಥಗಾರಿಕೆಯಲ್ಲಿಯೋ ಅದನ್ನು ಕೇಳಿಯೇ ನಾವು ದೊಡ್ಡವರಾದೆವು. ಐದು ಗ್ರಾಮಗಳ ಮಾತು ಮುರಿದುಬಿದ್ದ ಮೇಲೆ ದುರ್ಯೋಧನನು ಹವಣಿಸಿದುದೇನು? ಸಂಧಾನಕ್ಕೆ ಬಂದವನನ್ನೇ ಬಿಗಿದು ಸೆರೆಯಲ್ಲಿಡುವುದು! ಶ್ರೀಕೃಷ್ಣನು ವಿಶ್ವರೂಪವನ್ನು ತೋರಿ ಆ ಸಭೆಯಿಂದ ಹೊರಬಿದ್ದನು. ಆದರೆ ತೋರಲು ವಿಶ್ವರೂಪವಿಲ್ಲದ, ನಮ್ಮಂತೆಯೇ ಎರಡು ಕೈ ಎರಡು ಕಾಲುಗಳ ಮನುಷ್ಯನೊಬ್ಬನು ಅಂತಹ ಸಭೆಗೆ ಹೋದರೆ ಆತನ ಗತಿಯೇನು? ಈ ಪ್ರಶ್ನೆಗೆ ನಮ್ಮ ಕಾಲದಲ್ಲಿಯೇ ಉತ್ತರ ದೊರೆತಿದೆ. ಇಬ್ಬರು ಸಂಧಾನಕಾರರ ವೃತ್ತಾಂತವನ್ನು ಇಲ್ಲಿ ವಾಚಕರ ಮುಂದಿಡುತ್ತೇನೆ. ಒಬ್ಬರು ಇಂಗ್ಲೆಂಡಿನ ಟೆರಿ ವೇಟ್; ಇನ್ನೊಬ್ಬರು ಇಟಲಿಯ ಜಾಂಡೊಮೆನಿಕೊ ಪಿಕ್ಕೊ. ಮೊದಲನೆಯವರು ಪರರ ಸೆರೆ ಬಿಡಿಸಹೋಗಿ ತಾವೇ ಸೆರೆಸಿಕ್ಕಿ 1,763 ದಿನಗಳನ್ನು ಸಂಕೋಲೆಯಲ್ಲಿ ಕಳೆದರು. ಎರಡನೆಯವರು ಅವರನ್ನು ಹೊರಕ್ಕೆ ತಂದರು.

ಒತ್ತೆ ಎಂಬ ಮಾತು ನಮಗೆ ಹೊಸದಲ್ಲ. ಒಡವೆಯನ್ನು ಒತ್ತೆಯಿಟ್ಟು ಸಾಲ ತರುವುದನ್ನು ಎಲ್ಲ ಸಂಸಾರಸ್ಥರೂ ಬಲ್ಲರು. ಮನುಷ್ಯರನ್ನು ಒತ್ತೆಯಿಡುವುದೂ ಹಳೆಯ ವಾಡಿಕೆಯೇ. 1792ರ ಶ್ರೀರಂಗಪಟ್ಟಣದ ಒಪ್ಪಂದದಂತೆ ಟಿಪ್ಪೂ ಸುಲ್ತಾನನು ತನ್ನ ಇಬ್ಬರು ಗಂಡುಮಕ್ಕಳನ್ನು ಲಾರ್ಡ್ ಕಾರ್ನವಾಲಿಸನ ವಶಕ್ಕೆ ಕೊಡಬೇಕಾಯಿತು. 1794ರಲ್ಲಿ ಆ ಮಕ್ಕಳು ತಂದೆಯ ಬಳಿಗೆ ಮರಳಿದರು. ಅದು ಇಬ್ಬರು ಎದುರಾಳಿಗಳ ನಡುವೆ ಬಹಿರಂಗವಾಗಿ ನಡೆದ ಕರಾರು. ಈಗಿನ ಒತ್ತೆಯಾಳಿನ ಸ್ಥಿತಿ ಬೇರೆ. ಆತನನ್ನು ಹಿಡಿದವರು ಯಾರು, ಇಟ್ಟಿರುವುದು ಎಲ್ಲಿ, ಆತನು ಬದುಕಿದ್ದಾನೆಯೇ ಎಂಬುದೊಂದೂ ಮನೆಯವರಿಗೆ ತಿಳಿಯದು. ಇಂತಹವರೊಡನೆ ನಾವು ಮಾತನಾಡುವುದಿಲ್ಲವೆಂದು ಸರ್ಕಾರಗಳು ಸಾರುತ್ತವೆ. ಯಾರಾದರೊಬ್ಬರು ಮಾತನಾಡದೆ ಒತ್ತೆಯಾಳು ಮನೆಗೆ ಬರುವುದೂ ಇಲ್ಲ. ಈ ಎರಡು ಗೋಡೆಗಳ ನಡುವಣ ಇಕ್ಕಟ್ಟಾದ ಓಣಿಯಲ್ಲಿ ನಡೆಯತಕ್ಕವನು ಸಂಧಾನಕಾರ. ಆತನ ಬೆನ್ನಿಗೆ ದಂಡಿಲ್ಲ, ಕೈಯಲ್ಲಿ ಬೊಕ್ಕಸವಿಲ್ಲ. ಇರುವುದು ನುಡಿಯೊಂದೇ; ಆ ನುಡಿಯನ್ನು ಇತರರು ನಂಬುವ ತನಕ ಮಾತ್ರ ಆತನಿಗೆ ಬೆಲೆ.

ಟೆರಿ ವೇಟ್ ಅವರು 1939ನೆಯ ಇಸವಿ ಮೇ 31ರಂದು ಇಂಗ್ಲೆಂಡಿನ ಚೆಷೈರ್ ಪ್ರಾಂತದ ಬಾಲಿಂಗ್ಟನ್ ಎಂಬ ಊರಿನಲ್ಲಿ ಜನಿಸಿದರು. ತಂದೆ ಹಳ್ಳಿಯ ಪೋಲೀಸಿನವರು. ಹುಡುಗನು ಮೊದಲು ಸೈನ್ಯಕ್ಕೆ ಸೇರಿದನಾದರೂ ಸಮವಸ್ತ್ರದ ಬಣ್ಣವು ಮೈಗೆ ಒಗ್ಗದೆ ಕೆಲವು ತಿಂಗಳುಗಳಲ್ಲಿಯೇ ಮರಳಬೇಕಾಯಿತು. ಸಿಪಾಯಿಯಾಗಬೇಕಾಗಿದ್ದವರು ಬಟ್ಟೆಯ ಬಣ್ಣದ ದೆಸೆಯಿಂದ ಶಾಂತಿಯ ದೂತರಾದರೆಂದು ನಗೆಯಾಡಬಹುದು. ತರುವಾಯ ಕ್ರೈಸ್ತ ಧರ್ಮಸೇವೆಗೆ ಸೇರಿ, ಪಾದ್ರಿಯ ದೀಕ್ಷೆಯನ್ನು ಪಡೆಯದೆಯೇ, ಶಿಕ್ಷಣ ಮತ್ತು ಪರಿಹಾರದ ಕೆಲಸಗಳಲ್ಲಿ ತೊಡಗಿದರು. ಹೆಂಡತಿ ಮಕ್ಕಳೊಡನೆ ಉಗಾಂಡಾ ದೇಶದಲ್ಲಿದ್ದಾಗ, 1971ರಲ್ಲಿ ಈದಿ ಅಮೀನನು ಅಧಿಕಾರವನ್ನು ಕಸಿದುಕೊಂಡುದನ್ನೂ, ಅದರ ಹಿಂದೆಯೇ ನಡೆದ ಕ್ರೌರ್ಯವನ್ನೂ ಕಣ್ಣಾರೆ ಕಂಡರು. ಬಳಿಕ ಕೆಲವು ವರ್ಷ ರೋಮಿನಲ್ಲಿ ವಾಸ. ಆರಡಿ ಏಳಂಗುಲದ ಎತ್ತರ, ತುಂಬುಗಡ್ಡ, ಗಂಭೀರವಾದ ಧ್ವನಿ. ಒಮ್ಮೆ ಕಂಡವರು ಮರೆಯಲಾರದಂತಹ ಆಳು. ಗುಟ್ಟಾಗಿ ಮಾಡಬೇಕಾದ ಕೆಲಸಕ್ಕೆ ಇಂತಹ ಮೈಕಟ್ಟು ಅನುಕೂಲವೋ ಅನನುಕೂಲವೋ ಎಂಬುದು ಬೇರೆ ಪ್ರಶ್ನೆ.

1980ರಲ್ಲಿ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ರಾಬರ್ಟ್ ರನ್ಸಿ ಅವರು ವೇಟ್ ಅವರನ್ನು ತಮ್ಮ ಸಹಾಯಕರನ್ನಾಗಿ ಮಾಡಿಕೊಂಡರು. ಹೊರದೇಶಗಳ ಚರ್ಚುಗಳ ಕಾಗದಪತ್ರ, ಪ್ರವಾಸದ ಏರ್ಪಾಡು, ಇವೇ ಅವರ ಕೆಲಸ. ಸಂಧಾನವೆಂಬುದು ಆ ಹುದ್ದೆಯ ವಿವರದಲ್ಲಿಯೇ ಇರಲಿಲ್ಲ. ಆದರೆ ಅದೇ ವರ್ಷ ಇರಾನಿನಲ್ಲಿ, ಕ್ರಾಂತಿಯಾದ ಹೊಸದರಲ್ಲಿ, ಅಲ್ಲಿಯ ಚಿಕ್ಕ ಆಂಗ್ಲಿಕನ್ ಚರ್ಚಿನ ಮೇಲೆ ವಿಪತ್ತು ಬಂದಿತು. ಬಿಷಪ್ಪರ ಮಗನ ಕೊಲೆಯಾಯಿತು. ಮೂವರು ಬ್ರಿಟಿಷ್ ಧರ್ಮಸೇವಕರು ಗೂಢಚಾರರೆಂಬ ಆರೋಪದ ಮೇಲೆ ಬಂದಿಗಳಾದರು. ವೇಟ್ ಅವರು ಟೆಹರಾನಿಗೆ ಹೋದರು. ಆಪಾದನೆ ಹೊರಿಸಿದವರ ಮಾತನ್ನು ದಿನಗಟ್ಟಲೆ ಕೇಳಿದರು. ಆ ವರ್ಷದ ಕ್ರಿಸ್ಮಸ್ ಹಬ್ಬದ ಸಮಯದಲ್ಲಿ ಸೆರೆಯವರನ್ನು ಕಾಣಲು ಅನುಮತಿ ಪಡೆದರು. 1981ರ ಫೆಬ್ರವರಿಯಲ್ಲಿ ಮೂವರೂ ಬಿಡುಗಡೆ ಹೊಂದಿದರು.

ಎರಡನೆಯ ಪರೀಕ್ಷೆ ಲಿಬಿಯಾದ್ದು. 1984ರ ಏಪ್ರಿಲ್ ತಿಂಗಳಲ್ಲಿ ಲಂಡನ್ನಿನ ಲಿಬಿಯಾ ರಾಯಭಾರ ಕಚೇರಿಯ ಒಳಗಿನಿಂದ ಹಾರಿದ ಗುಂಡು ತಗುಲಿ ಒಬ್ಬ ಮಹಿಳಾ ಪೋಲೀಸು ಮಡಿದರು. ಎರಡು ದೇಶಗಳ ಸಂಬಂಧ ಕಡಿದು, ನಾಲ್ವರು ಬ್ರಿಟಿಷರು ಲಿಬಿಯಾದಲ್ಲಿ ಸಿಕ್ಕಿಬಿದ್ದರು. ವೇಟ್ ಅವರು ಕರ್ನಲ್ ಗಡಾಫಿಯನ್ನು ಆತನ ಡೇರೆಯಲ್ಲಿಯೇ ಕಂಡು ಮಾತನಾಡಿದರು. 1985ರ ಫೆಬ್ರವರಿಯಲ್ಲಿ ಆ ನಾಲ್ವರೂ ಬಂದರು. ಪತ್ರಿಕೆಗಳು ಅವರನ್ನು ಕೊಂಡಾಡಿದವು. ಇದು ಮುಂದೆ ಎಷ್ಟು ದುಬಾರಿಯಾಯಿತೆಂಬುದನ್ನು ವಾಚಕರೇ ನೋಡುವರು.

ಈ ಕಸಬಿನ ರೀತಿಯನ್ನು ಇಲ್ಲಿ ಸ್ವಲ್ಪ ಹೇಳಬೇಕು. ಸಂಧಾನಕಾರನೆಂದರೆ ಮಾತಿನ ಮಲ್ಲನೆಂದು ನಾವು ತಿಳಿಯುತ್ತೇವೆ. ನಿಜವಾಗಿ ಆತನು ಕೇಳುವವನು. ಹಿಡಿದವರಿಗೂ ಒಂದು ದೂರು ಇರುತ್ತದೆ. ಅವರ ತಮ್ಮನೋ ಭಾವನೋ ಬೇರೊಂದು ದೇಶದ ಸೆರೆಯಲ್ಲಿರುತ್ತಾನೆ. ಆ ದೂರು ನ್ಯಾಯವೋ ಅನ್ಯಾಯವೋ, ಅದನ್ನು ಪೂರ್ತಿ ಕೇಳದೆ ಮುಂದಿನ ಹೆಜ್ಜೆಯಿಲ್ಲ. ಮೊದಲು ಬೇಕಾದುದು ಒತ್ತೆಯಾಳು ಜೀವಂತವಿರುವನೆಂಬುದಕ್ಕೆ ಸಾಕ್ಷಿ. ಅದಕ್ಕಾಗಿ ಆತನೊಬ್ಬನೇ ಉತ್ತರಿಸಬಲ್ಲ ಪ್ರಶ್ನೆಯನ್ನು ಕೇಳಿ ಕಳುಹಿಸುವುದುಂಟು: ಚಿಕ್ಕಂದಿನಲ್ಲಿ ಮನೆಯಲ್ಲಿ ಕರೆಯುತ್ತಿದ್ದ ಮುದ್ದಿನ ಹೆಸರೇನು, ಸಾಕಿದ ನಾಯಿಯ ಬಣ್ಣವೇನು, ಇತ್ಯಾದಿ. ಎಲ್ಲಕ್ಕಿಂತ ಮುಖ್ಯವಾದ ನಿಯಮವೆಂದರೆ, ತನ್ನ ಕೈಯಲ್ಲಿಲ್ಲದುದನ್ನು ಕೊಡುವೆನೆಂದು ಹೇಳಬಾರದು. ಒಮ್ಮೆ ಸುಳ್ಳು ಹೊರಬಿದ್ದರೆ ಆ ಬಾಗಿಲು ಮುಚ್ಚಿತು. ಮುಚ್ಚುವಾಗ ಒಳಗಿನವನ ಪ್ರಾಣವೂ ಹೋಗಬಹುದು. ಆದರೆ ಸಂಧಾನಕಾರನಿಗೆ ತಿಳಿಯದಂತೆ ಅವನ ಹಿಂದಿನವರು ಸುಳ್ಳಾಡಿದರೆ? ಲೆಬನಾನಿನಲ್ಲಿ ನಡೆದುದು ಇದೇ.

ಲೆಬನಾನ್ ಸಮುದ್ರತೀರದ ಚಿಕ್ಕ ದೇಶ. ವಿಸ್ತೀರ್ಣದಲ್ಲಿ ನಮ್ಮ ಒಂದು ದೊಡ್ಡ ಜಿಲ್ಲೆಯಷ್ಟು. 1975ರಿಂದ ಅಲ್ಲಿ ಒಳಜಗಳದ ಯುದ್ಧ. 1982ರಲ್ಲಿ ಇಸ್ರೇಲಿನ ಸೈನ್ಯವು ನುಗ್ಗಿದ ಮೇಲೆ, ಇರಾನಿನ ಬೆಂಬಲವುಳ್ಳ ಷಿಯಾ ಗುಂಪುಗಳು ಬೈರೂತ್ ಪಟ್ಟಣದಲ್ಲಿ ಪಾಶ್ಚಾತ್ಯರನ್ನು ಅಪಹರಿಸತೊಡಗಿದವು. ಹತ್ತು ವರ್ಷಗಳಲ್ಲಿ ಸುಮಾರು ನೂರು ಮಂದಿ ಪರದೇಶೀಯರು ಹೀಗೆ ಮಾಯವಾದರು: ಅಧ್ಯಾಪಕರು, ಪತ್ರಿಕೋದ್ಯೋಗಿಗಳು, ಪಾದ್ರಿಗಳು. ಅಪಹರಣಕಾರರ ಬೇಡಿಕೆಗಳಲ್ಲಿ ಒಂದು ಬಹು ಗಟ್ಟಿಯಾದುದು. 1983ರ ಡಿಸೆಂಬರಿನಲ್ಲಿ ಕುವೈತ್ ನಗರದಲ್ಲಿ ಬಾಂಬು ಸಿಡಿಸಿದ ಪ್ರಕರಣದಲ್ಲಿ ಹದಿನೇಳು ಮಂದಿ ಅಲ್ಲಿಯ ಸೆರೆಮನೆಯಲ್ಲಿದ್ದರು. ಅವರಲ್ಲೊಬ್ಬನು ಅಪಹರಣಕಾರರ ನಾಯಕನ ಹತ್ತಿರದ ನೆಂಟ. ಅವರನ್ನು ಬಿಟ್ಟರೆ ಇವರನ್ನು ಬಿಡುವೆವೆಂಬುದು ಮಾತು. ಕುವೈತ್ ಸರ್ಕಾರವು ಸುತರಾಂ ಒಪ್ಪಲಿಲ್ಲ.

1985ರ ನವೆಂಬರಿನಲ್ಲಿ ಒತ್ತೆಯಲ್ಲಿದ್ದ ಅಮೆರಿಕನ್ನರು ಆರ್ಚ್‌ಬಿಷಪ್ಪರಿಗೆ ಕಾಗದ ಬರೆದು ಮೊರೆಯಿಟ್ಟರು. ವೇಟ್ ಅವರು ಬೈರೂತಿಗೆ ಹೋಗಿ ಅಪಹರಣಕಾರರನ್ನು ಗುಪ್ತವಾಗಿ ಸಂಧಿಸಿದರು. ಕುವೈತಿಗೆ ಹೋಗಿ ಆ ಹದಿನೇಳು ಮಂದಿಯ ಯೋಗಕ್ಷೇಮವನ್ನಾದರೂ ತಿಳಿದುಬರುವೆನೆಂದರೆ ಅದಕ್ಕೂ ಅವಕಾಶ ದೊರೆಯಲಿಲ್ಲ. ಹೀಗಿರಲು, 1986ರ ಜುಲೈ ತಿಂಗಳಲ್ಲಿ ಅಮೆರಿಕದ ಪಾದ್ರಿ ಜೆಂಕೊ ಅವರೂ, ನವೆಂಬರ್ 2ರಂದು ಬೈರೂತಿನ ಆಸ್ಪತ್ರೆಯೊಂದರ ಆಡಳಿತಗಾರರಾಗಿದ್ದ ಜೇಕಬ್ಸನ್ ಅವರೂ ಬಿಡುಗಡೆಯಾದರು. ವೇಟ್ ಅವರ ಕೀರ್ತಿ ಮುಗಿಲು ಮುಟ್ಟಿತು. ಕೀರ್ತಿಯ ಮರುದಿನವೇ ಸಿಡಿಲು ಬಡಿಯಿತು.

ನವೆಂಬರ್ 3ರಂದು ಬೈರೂತಿನ ‘ಅಲ್ ಷಿರಾ’ ಎಂಬ ಪತ್ರಿಕೆಯು ಒಂದು ಗುಟ್ಟನ್ನು ಹೊರಗೆಡಹಿತು. ಇರಾನಿಗೆ ಯಾರೂ ಆಯುಧ ಮಾರಬಾರದೆಂದು ಲೋಕಕ್ಕೆಲ್ಲ ಉಪದೇಶಿಸುತ್ತಿದ್ದ ಅಮೆರಿಕವು, ತಾನೇ ಹಿಂಬಾಗಿಲಿನಿಂದ ಇರಾನಿಗೆ ಆಯುಧಗಳನ್ನು ಮಾರುತ್ತಿದ್ದಿತು! ಎರಡು ಸಾವಿರಕ್ಕೂ ಮಿಕ್ಕ ಟ್ಯಾಂಕುನಾಶಕ ಕ್ಷಿಪಣಿಗಳು ಹೀಗೆ ಹೋಗಿದ್ದವು. ಬಂದ ಲಾಭದ ಹಣದಲ್ಲಿ ಒಂದು ಪಾಲು ನಿಕರಾಗುವಾ ದೇಶದ ಬಂಡುಗಾರರಿಗೆ ಸಂದಿತ್ತು. ಒತ್ತೆಯಾಳುಗಳು ಹೊರಬಂದುದು ಈ ವ್ಯಾಪಾರದ ಫಲ. ವ್ಯಾಪಾರವನ್ನು ನಡೆಸಿದ ಮುಖ್ಯರಲ್ಲೊಬ್ಬರಾದ ಕರ್ನಲ್ ಆಲಿವರ್ ನಾರ್ತ್ ಅವರು ವೇಟ್ ಅವರನ್ನು ಹಲವು ಬಾರಿ ಭೇಟಿಯಾಗಿದ್ದರು. ವೇಟ್ ಅವರು ಎಲ್ಲರ ಕಣ್ಣಿಗೂ ಬೀಳುವಂತೆ ಮುಂದೆ ನಿಂತಿದ್ದರಷ್ಟೆ; ಅವರ ಭಾರಿ ನೆರಳಿನ ಹಿಂದೆ ಆಯುಧಗಳ ಪೆಟ್ಟಿಗೆಗಳು ಸಾಗುತ್ತಿದ್ದವು. ಆಯುಧಗಳ ಸಂಗತಿ ತಮಗೆ ತಿಳಿದಿರಲಿಲ್ಲವೆಂದು ವೇಟ್ ಅವರು ಅಂದಿನಿಂದ ಇಂದಿನವರೆಗೂ ಹೇಳುತ್ತ ಬಂದಿದ್ದಾರೆ. ಆ ಮಾತನ್ನು ನಾನು ನಂಬುತ್ತೇನೆ. ಆದರೆ ಬೈರೂತಿನ ನೆಲಮಾಳಿಗೆಯಲ್ಲಿ ಕುಳಿತವರು ನಂಬಬೇಕಲ್ಲ!

ಅವರೇ ಬಂದು ನಂಬಿಸಬೇಕೆಂದು ವೇಟ್ ನಿಶ್ಚಯಿಸಿದರು. ಹೋಗಬೇಡಿರೆಂದು ಆರ್ಚ್‌ಬಿಷಪ್ಪರು ಹೇಳಿದರು. ವಿದೇಶಾಂಗ ಕಚೇರಿಯವರು ಎಚ್ಚರಿಸಿದರು. ಅವರಿಗೆ ಮನೆಯಲ್ಲಿ ಪತ್ನಿ, ನಾಲ್ವರು ಮಕ್ಕಳು. ಹೋದುದು ಶೌರ್ಯವೋ ಹಟವೋ? ಕೀರ್ತಿಗೆ ಅಂಟಿಕೊಂಡ ಅಹಂಕಾರವೆಂದು ಹಳಿದವರೂ ಉಂಟು. ತಾನು ಹೋಗದೆ ಉಳಿದರೆ ತನ್ನ ಮಾತನ್ನು ನಂಬಿ ಕತ್ತಲಲ್ಲಿ ಕಾದಿರುವವರನ್ನು ಕೈಬಿಟ್ಟಂತಾಗುವುದೆಂಬುದು ಅವರ ಸಂಕಟ. ನಾನು ಅವರ ಬಂಧುವಾಗಿದ್ದರೆ ಬಾಗಿಲಿಗೆ ಅಡ್ಡ ನಿಲ್ಲುತ್ತಿದ್ದೆನು. ಆದರೂ ಹೋದವರನ್ನು ಹಳಿಯಲು ನನಗೆ ನಾಲಗೆ ಏಳದು.

1987ನೆಯ ಇಸವಿ ಜನವರಿ 12ರಂದು ಅವರು ಬೈರೂತನ್ನು ಮುಟ್ಟಿದರು. ಒತ್ತೆಯಾಳುಗಳಲ್ಲಿ ಕಾಯಿಲೆಯವರಿದ್ದಾರೆ, ಅವರನ್ನು ತೋರಿಸುತ್ತೇವೆ, ನಿಮಗೆ ಅಪಾಯವಿಲ್ಲ ಎಂದು ಅಪಹರಣಕಾರರು ಭಾಷೆ ಕೊಟ್ಟರು. 20ರ ಸಂಜೆ ವೇಟ್ ಅವರು ಕಾವಲುಗಾರರನ್ನು ಹಿಂದಕ್ಕೆ ಕಳುಹಿಸಿ ಒಬ್ಬಂಟಿಗರಾಗಿ ಮಧ್ಯಸ್ಥನ ಮನೆಗೆ ಹೋದರು. ಅಲ್ಲಿಂದ ಕಣ್ಣಿಗೆ ಬಟ್ಟೆ ಕಟ್ಟಿ, ವಾಹನದಿಂದ ವಾಹನಕ್ಕೆ ಬದಲಾಯಿಸಿ ಅವರನ್ನು ಕರೆದೊಯ್ದು ನೆಲದಡಿಯ ಒಂದು ಕೋಣೆಯಲ್ಲಿ ಬಿಟ್ಟರು. ಬಾಗಿಲು ಮುಚ್ಚಿತು. ಕಾಯಿಲೆಯವರಾರೂ ಅಲ್ಲಿರಲಿಲ್ಲ.

ಆಯುಧದ ವ್ಯಾಪಾರದಲ್ಲಿ ನಿನ್ನ ಪಾಲೆಷ್ಟು ಎಂಬುದೇ ವಿಚಾರಣೆಯ ತಿರುಳು. ಅಂಗಾಲಿಗೆ ಹೊಡೆದು ಕೇಳಿದರು. ಗೊತ್ತಿಲ್ಲದುದನ್ನು ಹೇಳುವುದೆಂತು? ಒಂದು ದಿನ, ಇನ್ನು ಕೆಲವು ಗಂಟೆಗಳಲ್ಲಿ ನಿನ್ನನ್ನು ಕೊಲ್ಲುವೆವೆಂದರು; ಮನೆಯವರಿಗೆ ಕಾಗದ ಬರೆಯಬಹುದೆಂದರು. ಅವರು ಬರೆದರು. ತಲೆಗೆ ಪಿಸ್ತೂಲಿನ ತುದಿಯನ್ನು ಒತ್ತಿ ಹಿಡಿದು, ಆಮೇಲೆ, ಈಗ ಬೇಡ, ಇನ್ನೊಮ್ಮೆ ಎಂದು ಹೊರಟುಹೋದರು. ಹಗಲು ಇರುಳು ಗೋಡೆಗೆ ಸರಪಳಿಯಿಂದ ಬಿಗಿತ. ಶೌಚಕ್ಕೆ ದಿನಕ್ಕೊಮ್ಮೆ ಕೆಲವೇ ನಿಮಿಷಗಳ ಬಿಡುವು. ಯಾರಾದರೂ ಒಳಗೆ ಬಂದರೆ ತಾವೇ ಕಣ್ಣಿಗೆ ಬಟ್ಟೆಯನ್ನು ಎಳೆದುಕೊಳ್ಳಬೇಕು. ಹೀಗಾಗಿ ವರ್ಷಗಟ್ಟಲೆ ಮನುಷ್ಯನ ಮುಖವನ್ನೇ ಅವರು ಕಾಣಲಿಲ್ಲ. ಸುಮಾರು ನಾಲ್ಕು ವರ್ಷ ಇಂತಹ ಏಕಾಂತ.

ಸಿಕ್ಕಿಬಿದ್ದಾಗಲೇ ಅವರು ತಮಗೆ ತಾವೇ ಮೂರು ಕಟ್ಟಳೆಗಳನ್ನು ಹಾಕಿಕೊಂಡರಂತೆ: ಮಾಡಿದುದಕ್ಕಾಗಿ ಪಶ್ಚಾತ್ತಾಪ ಪಡಬಾರದು, ತನ್ನ ಮೇಲೆ ತಾನೇ ಮರುಗಬಾರದು, ಹಿಂದಿನ ಸುಖದ ದಿನಗಳನ್ನು ನೆನೆನೆನೆದು ಕರಗಬಾರದು. ಬಹುಕಾಲ ಪುಸ್ತಕವಿಲ್ಲ, ಕಾಗದವಿಲ್ಲ, ಲೇಖನಿಯಿಲ್ಲ. ಅದಕ್ಕಾಗಿ ತಮ್ಮ ಆತ್ಮಚರಿತ್ರೆಯನ್ನು ಮನಸ್ಸಿನಲ್ಲಿಯೇ ಬರೆಯತೊಡಗಿದರು. ದಿನಕ್ಕಿಷ್ಟೆಂದು ವಾಕ್ಯಗಳನ್ನು ಕಟ್ಟುವುದು, ತಿದ್ದುವುದು, ನೆನಪಿಗೆ ಹಾಕುವುದು. ಬಾಯಿಪಾಠದ ಅಭ್ಯಾಸವುಳ್ಳ ನಮ್ಮ ಹಳಬರಿಗೆ ಇದರ ಬೆಲೆ ತಿಳಿಯುವುದು.

ಅವರ ಸೆರೆವಾಸದ ಒಂದು ಪ್ರಸಂಗ ನನ್ನ ಮನಸ್ಸಿನಲ್ಲಿ ನಾಟಿ ನಿಂತಿದೆ. ಒಂದು ದಿನ ಕಾವಲುಗಾರನು ಅವರನ್ನು ಶೌಚದ ಕೋಣೆಗೆ ಬಿಟ್ಟು ಬಾಗಿಲು ಹಾಕಿದನು. ಕಣ್ಣಿನ ಬಟ್ಟೆಯನ್ನು ಸರಿಸಿ ನೋಡಿದರೆ, ಅಲ್ಲಿ ಒಂದು ಪಿಸ್ತೂಲು! ಕಾವಲುಗಾರನು ಮರೆತು ಬಿಟ್ಟುಹೋಗಿದ್ದನು. ವೇಟ್ ಅವರು ಅದನ್ನು ನೋಡುತ್ತ ನಿಂತರು. ಬಳಸಿದ್ದರೆ ಪಾರಾಗುತ್ತಿದ್ದರೇನೋ. ಆದರೆ ಹಿಂಸೆಯಿಂದ ಯಾವುದೂ ಬಗೆಹರಿಯದೆಂದು ಇದೇ ಜನರಿಗೆ ಎಷ್ಟೋ ಬಾರಿ ಹೇಳಿದವರು ಅವರೇ ಅಲ್ಲವೆ? ಬಟ್ಟೆಯನ್ನು ಕಣ್ಣಿಗೆ ಎಳೆದುಕೊಂಡು ಬಾಗಿಲು ತಟ್ಟಿ, ನೀನು ಏನನ್ನೋ ಮರೆತಿದ್ದೀಯಪ್ಪಾ ಎಂದು ಹೇಳಿ ಅದನ್ನು ಹಿಂದಕ್ಕೆ ಒಪ್ಪಿಸಿದರು. ಯಾರ ಕಣ್ಣೂ ಇಲ್ಲದ ಜಾಗದಲ್ಲಿ, ಕೇಳುವವರಾರೂ ಇಲ್ಲದಾಗ, ತಮ್ಮ ಮಾತನ್ನು ತಾವೇ ಉಳಿಸಿಕೊಂಡರು.

ಇತ್ತ ಮನೆಯವರಿಗೆ ಅವರು ಬದುಕಿರುವರೆಂಬ ಸುದ್ದಿಯೇ ಇಲ್ಲ. ಪತ್ನಿಯು ಪತ್ರಿಕೆಯವರಿಂದ ದೂರವಿದ್ದು ಮಕ್ಕಳನ್ನು ಬೆಳೆಸಿದರು. ಈ ಕಾಯುವಿಕೆ ಎಂತಹುದೆಂಬುದರ ರುಚಿಯನ್ನು ಕನ್ನಡಿಗರೂ ಕಂಡಿದ್ದಾರೆ: 2000ನೆಯ ಇಸವಿಯಲ್ಲಿ ನಟ ರಾಜಕುಮಾರರನ್ನು ವೀರಪ್ಪನ್ ಗಾಜನೂರಿನಿಂದ ಒಯ್ದಾಗ, 108 ದಿನ ನಾಡಿಗೆ ನಾಡೇ ಸುದ್ದಿಗಾಗಿ ಕಿವಿಗೊಟ್ಟು ಕುಳಿತಿದ್ದಿತು, ‘ನಕ್ಕೀರನ್’ ಪತ್ರಿಕೆಯ ಗೋಪಾಲರು ಕಾಡಿನಿಂದ ಏನನ್ನು ತರುವರೋ ಎಂದು ದಿನವೂ ನೋಡಿದೆವು. ವೇಟ್ ಅವರ ಮನೆಯವರಿಗೆ ಕಾಡಿಗೆ ಹೋಗಿಬರುವ ಗೋಪಾಲರೂ ಇರಲಿಲ್ಲ. ದೂತನಾಗಿದ್ದವನೇ ಒಳಗೆ ಸಿಕ್ಕಿದ್ದನು.

ಆ ಕೋಣೆಯಲ್ಲಿ ಎರಡು ಸಣ್ಣ ಕಿಂಡಿಗಳು ತೆರೆದುವು. ಒಂದು, ಗೋಡೆ. ಆಚೆ ಬದಿಯಲ್ಲಿ ಯಾರೋ ಇರುವರೆಂದು ಊಹಿಸಿ ವೇಟ್ ಅವರು ಬೆರಳಿನಿಂದ ತಟ್ಟಿದರು: ಮೊದಲನೆಯ ಅಕ್ಷರಕ್ಕೆ ಒಂದು ಪೆಟ್ಟು, ಎರಡನೆಯದಕ್ಕೆ ಎರಡು, ಹೀಗೆ ಇಪ್ಪತ್ತಾರರವರೆಗೆ. ಆಚೆಯಿಂದ ಉತ್ತರ ಬಂದಿತು. ಅಲ್ಲಿದ್ದವರು ಅಮೆರಿಕದ ಪತ್ರಿಕೋದ್ಯೋಗಿ ಟೆರಿ ಆಂಡರ್ಸನ್ ಮತ್ತು ಸಂಗಡಿಗರು. ಯಾರನ್ನು ಕಾಣಿಸುವೆವೆಂದು ಹೇಳಿ ವೇಟ್ ಅವರನ್ನು ಕರೆಸಿದ್ದರೋ ಆ ಆಂಡರ್ಸನ್ನರೇ! ಲೋಕದ ಸುದ್ದಿಯೆಲ್ಲ ಆ ಗೋಡೆಯ ಮೂಲಕ ಒಂದೊಂದು ಅಕ್ಷರವಾಗಿ ಬಂದಿತು. ಇನ್ನೊಂದು ಕಿಂಡಿ, ಒಂದು ಕಾರ್ಡು. ಇಂಗ್ಲೆಂಡಿನಲ್ಲಿ ಯಾರೋ ಗುರುತಿಲ್ಲದ ಹೆಂಗಸು ಕಳುಹಿಸಿದ್ದ ಚಿತ್ರದ ಅಂಚೆಕಾರ್ಡು ಹೇಗೋ ಸಾಗಿ ಅವರ ಕೈಸೇರಿತು. ಅದರಲ್ಲಿದ್ದುದು ಮುನ್ನೂರು ವರ್ಷಗಳ ಹಿಂದೆ ಬೆಡ್‌ಫರ್ಡಿನ ಸೆರೆಮನೆಯಲ್ಲಿದ್ದ ಗ್ರಂಥಕರ್ತ ಜಾನ್ ಬನಿಯನನ ಚಿತ್ರ. ಬನಿಯನನಿಗಾದರೆ ಕಿಟಕಿಯಿದೆ, ಮೇಜಿದೆ, ಲೇಖನಿಯಿದೆ, ನನಗೇನಿದೆ ಎಂದು ಮೊದಲು ನಗೆಬಂದಿತಂತೆ. ಹೊರಗಿನವರು ತನ್ನನ್ನು ಮರೆತಿಲ್ಲವೆಂಬುದು ಆಮೇಲೆ ಹೊಳೆಯಿತಂತೆ. 1990ರ ಕೊನೆಯ ಹೊತ್ತಿಗೆ ಅವರನ್ನು ಆ ನೆರೆಯವರೊಡನೆಯೇ ಒಂದು ಕೋಣೆಯಲ್ಲಿ ಇರಿಸಿದರು. ಮಾತನಾಡಲು ಮನುಷ್ಯರು ದೊರೆತರು.

ಈಗ ಎರಡನೆಯ ದೂತನ ಕಡೆಗೆ ತಿರುಗೋಣ. ಜಾಂಡೊಮೆನಿಕೊ ಪಿಕ್ಕೊ ಅವರು 1948ರಲ್ಲಿ ಇಟಲಿಯ ಊದಿನೆ ಪಟ್ಟಣದಲ್ಲಿ ಹುಟ್ಟಿದರು. 1973ರಲ್ಲಿ ವಿಶ್ವಸಂಸ್ಥೆಯ ಸೇವೆಗೆ ಸೇರಿದರು. ವೇಟ್ ಅವರಂತೆ ಪತ್ರಿಕೆಗಳ ಬೆಳಕಿನಲ್ಲಿ ನಿಂತವರಲ್ಲ. ಸೆಕ್ರೆಟರಿ ಜನರಲ್ ಪೆರೆಸ್ ದ ಕ್ವೆಯ್ಯಾರ್ ಅವರ ಆಪ್ತರಾಗಿ ತೆರೆಯ ಹಿಂದೆ ಕೆಲಸ ಮಾಡಿದವರು. 1988ರಲ್ಲಿ ಆಫ್ಘಾನಿಸ್ತಾನದಿಂದ ಸೋವಿಯತ್ ಸೈನ್ಯ ಹಿಂದಿರುಗುವ ಒಪ್ಪಂದದಲ್ಲಿಯೂ, ಇರಾನ್ ಇರಾಕುಗಳ ಎಂಟು ವರ್ಷದ ಯುದ್ಧವನ್ನು ನಿಲ್ಲಿಸಿದ ಸಂಧಾನದಲ್ಲಿಯೂ ಅವರ ಕೈಯಿತ್ತು. ಆ ಮೂಲಕ ಟೆಹರಾನಿನಲ್ಲಿ ಅವರ ಮಾತಿಗೆ ಬೆಲೆ ಬಂದಿತ್ತು.

ಕಾಲವೂ ಅನುಕೂಲಿಸಿತು. 1990ರ ಆಗಸ್ಟಿನಲ್ಲಿ ಸದ್ದಾಮ್ ಹುಸೇನನು ಕುವೈತನ್ನು ಆಕ್ರಮಿಸಿದಾಗ ಅಲ್ಲಿಯ ಸೆರೆಮನೆಯ ಬಾಗಿಲುಗಳು ತೆರೆದು, ಅಪಹರಣಕಾರರು ಬೇಡುತ್ತಿದ್ದ ಬಂದಿಗಳು ತಾವಾಗಿಯೇ ತಪ್ಪಿಸಿಕೊಂಡರು. ಏಳು ವರ್ಷ ಯಾವ ಗಂಟನ್ನು ಬಿಚ್ಚಲಾಗದೆ ಎಲ್ಲರೂ ಸೋತಿದ್ದರೋ ಅದನ್ನು, ಯಾರ ಹಿತವನ್ನೂ ಬಯಸದ ಸದ್ದಾಮನು ಅರಿಯದೆಯೇ ಬಿಚ್ಚಿದನು! 1991ರ ಆಗಸ್ಟ್ 8ರಂದು ಅಪಹರಣಕಾರರು ಬ್ರಿಟಿಷ್ ಪತ್ರಿಕೋದ್ಯೋಗಿ ಜಾನ್ ಮೆಕಾರ್ಥಿಯವರನ್ನು ಬಿಟ್ಟು, ಅವರ ಕೈಯಲ್ಲಿ ಸೆಕ್ರೆಟರಿ ಜನರಲ್ಲರಿಗೆ ಒಂದು ಪತ್ರವನ್ನು ಕೊಟ್ಟು ಕಳುಹಿಸಿದರು. ಎಲ್ಲ ಕಡೆಯ ಸೆರೆಯಾಳುಗಳ ವಿಷಯದಲ್ಲಿಯೂ ವಿಶ್ವಸಂಸ್ಥೆಯು ಕೈಹಾಕಬೇಕೆಂಬುದು ಅದರ ಸಾರ.

ಪಿಕ್ಕೊ ಅವರು ಬೈರೂತಿಗೆ ಹೋದರು. ರಾತ್ರಿ ಗೊತ್ತಾದ ಬೀದಿಯಲ್ಲಿ ಒಬ್ಬರೇ ನಡೆಯಬೇಕು. ಒಂದು ಕಾರು ಬಂದು ನಿಲ್ಲುವುದು. ಒಳಗೆ ಎಳೆದುಕೊಂಡು ತಲೆಗೆ ಮುಸುಕು ಹಾಕಿ ಕಾರಿನ ತಳದಲ್ಲಿ ಅದುಮುವರು. ಎಲ್ಲಿಯೋ ಇಳಿಸಿ ಮುಸುಕು ತೆಗೆದರೆ ಎದುರಿಗೆ ಮುಖ ಮುಚ್ಚಿಕೊಂಡ ಗಂಡಸರು. ಇದೇ ದಾರಿಯಲ್ಲಿ ವೇಟ್ ಅವರು ಹೋಗಿ ಮರಳಲಿಲ್ಲವೆಂಬುದನ್ನು ಪಿಕ್ಕೊ ಬಲ್ಲರು. ಬಲ್ಲವರಾಗಿಯೂ ಒಂದು ಸಲವಲ್ಲ, ಹಲವು ಸಲ ಹೋದರು. ಬೈರೂತಿನಿಂದ ಡಮಾಸ್ಕಸ್, ಟೆಹರಾನ್, ಇಸ್ರೇಲ್, ಮತ್ತೆ ಬೈರೂತ್. ಇಸ್ರೇಲಿಗೆ ಬೇಕಾದುದು ಕಾಣೆಯಾದ ತನ್ನ ಸೈನಿಕರ ಸುದ್ದಿ. ಲೆಬನಾನಿನವರಿಗೆ ಬೇಕಾದುದು ಖಿಯಾಮಿನ ಸೆರೆಮನೆಯಲ್ಲಿದ್ದ ತಮ್ಮವರು. ಇರಾನಿಗೆ ಬೇಕಾದುದು, ಆ ಎಂಟು ವರ್ಷದ ಯುದ್ಧವನ್ನು ಆರಂಭಿಸಿದವರು ಯಾರೆಂಬುದರ ಬಗ್ಗೆ ವಿಶ್ವಸಂಸ್ಥೆಯ ತೀರ್ಪು. ಒಬ್ಬನ ಮಗನು ಬರಬೇಕಾದರೆ ಇನ್ನೊಬ್ಬನ ಮಗನೂ ಬರಬೇಕು. ಸೆಪ್ಟೆಂಬರಿನಲ್ಲಿ 51 ಮಂದಿ ಲೆಬನಾನಿನ ಬಂದಿಗಳು ಹೊರಬಂದರು. ನ್ಯೂಯಾರ್ಕಿನಲ್ಲಿ ಇರಾನಿನ ಪರವಾಗಿ ಪಿಕ್ಕೊ ಅವರೊಡನೆ ಓಡಾಡಿದ ತರುಣ ಅಧಿಕಾರಿ ಜವಾದ್ ಜರೀಫ್. ಮುಂದೆ 2013ರಲ್ಲಿ ವಿದೇಶಾಂಗ ಮಂತ್ರಿಯಾದವರು ಅವರೇ.

ನವೆಂಬರ್ 18ರಂದು ವೇಟ್ ಅವರೂ, ಬೈರೂತಿನಲ್ಲಿ ಅಧ್ಯಾಪಕರಾಗಿದ್ದ ಥಾಮಸ್ ಸದರ್ಲೆಂಡ್ ಅವರೂ ಬಿಡುಗಡೆಯಾದರು. ಡಿಸೆಂಬರ್ 4ರಂದು ಆಂಡರ್ಸನ್ ಅವರು ಬಂದರು. ಅವರ ಸೆರೆ 2,454 ದಿನಗಳದು. ಅದೇ ತಿಂಗಳಲ್ಲಿ, ಸೆರೆಯಲ್ಲಿಯೇ ಪ್ರಾಣಬಿಟ್ಟಿದ್ದ ಇಬ್ಬರು ಅಮೆರಿಕನ್ನರ ದೇಹಾವಶೇಷಗಳೂ ದೊರೆತುವು. 9ರಂದು ಸೆಕ್ರೆಟರಿ ಜನರಲ್ಲರು ಯುದ್ಧದ ಹೊಣೆ ಇರಾಕಿನದೆಂದು ವರದಿಯನ್ನೊಪ್ಪಿಸಿದರು. 1992ರ ಜೂನ್ ತಿಂಗಳಲ್ಲಿ ಕೊನೆಯ ಇಬ್ಬರು ಜರ್ಮನರು ಬಂದುದರೊಡನೆ ಆ ಅಧ್ಯಾಯ ಮುಗಿಯಿತು.

ಪಿಕ್ಕೊ ಅವರ ಪಾಲಿಗೆ ಮುಗಿಯಲಿಲ್ಲ. ಅಮೆರಿಕದ ಅಧ್ಯಕ್ಷ ಜಾರ್ಜ್ ಬುಷ್ ಅವರು 1989ರಲ್ಲಿ ಅಧಿಕಾರ ವಹಿಸಿಕೊಂಡ ದಿನ, ಒತ್ತೆಯಾಳುಗಳ ವಿಷಯದಲ್ಲಿ ನೆರವಾದವರ ಸದ್ಭಾವಕ್ಕೆ ಪ್ರತಿಯಾಗಿ ಸದ್ಭಾವವನ್ನೇ ತೋರುವೆವೆಂಬ ಅರ್ಥದಲ್ಲಿ ಸಾರಿದ್ದರು. ಆ ಮಾತನ್ನು ಟೆಹರಾನಿಗೆ ಹೊತ್ತವರು ಪಿಕ್ಕೊ. ಇರಾನ್ ತನ್ನ ಪಾಲನ್ನು ನಡೆಸಿತು. 1992ರಲ್ಲಿ ವಾಷಿಂಗ್ಟನ್ನಿನಿಂದ ಬಂದ ಉತ್ತರವೆಂದರೆ, ಈಗ ಏನನ್ನೂ ಕೊಡಲಾಗುವುದಿಲ್ಲ. ಈ ಉತ್ತರವನ್ನು ಕಾಗದದಲ್ಲಿ ಬರೆದು ಕಳುಹಿಸಿ ತಾವು ದೂರದಲ್ಲಿರಬಹುದಾಗಿತ್ತು. ಪಿಕ್ಕೊ ಅವರು ಹಾಗೆ ಮಾಡಲಿಲ್ಲ. ತಾವೇ ಟೆಹರಾನಿಗೆ ಹೋಗಿ, ಅಧ್ಯಕ್ಷ ರಫ್ಸಂಜಾನಿಯವರ ಎದುರಿಗೆ ಕುಳಿತು, ನಾನು ತಂದ ಮಾತು ಸುಳ್ಳಾಯಿತೆಂದು ಹೇಳಿದರು. ರಫ್ಸಂಜಾನಿಯವರು ಕೇಳಿದರು, ಈ ಸುದ್ದಿ ಬೇಗನೆ ಬೇರೆಯವರ ಕಿವಿಗೂ ಬೀಳುವುದು, ಅವರು ನಿಮ್ಮನ್ನು ಹೋಗಗೊಡದಿರಬಹುದು, ಆದುದರಿಂದ ತಡಮಾಡದೆ ಊರು ಬಿಟ್ಟುಬಿಡಿರೆಂದರು. ಹೀಗೆಂದು ಪಿಕ್ಕೊ ಅವರೇ 1999ರಲ್ಲಿ ಪ್ರಕಟವಾದ ತಮ್ಮ ‘ಮ್ಯಾನ್ ವಿದೌಟ್ ಎ ಗನ್’ ಎಂಬ ಗ್ರಂಥದಲ್ಲಿ ಬರೆದಿದ್ದಾರೆ. ಕೋವಿಯಿಲ್ಲದ ಮನುಷ್ಯನೆಂದು ಅದರ ಅರ್ಥ. ಅದೇ 1992ರಲ್ಲಿ ಅವರು ವಿಶ್ವಸಂಸ್ಥೆಯ ಕೆಲಸವನ್ನು ಬಿಟ್ಟರು. 2024ರ ಮಾರ್ಚ್ ತಿಂಗಳಲ್ಲಿ ತೀರಿಕೊಂಡರು. ಇಷ್ಟು ಮಂದಿಯ ಮನೆಗಳಲ್ಲಿ ದೀಪ ಹೊತ್ತಿಸಿದವರ ಹೆಸರು ಲೋಕದಲ್ಲಿ ಇಷ್ಟು ಕಡಮೆ ಕೇಳಿಬರುವುದು ನನಗೆ ಸೋಜಿಗವಾಗಿದೆ.

ವೇಟ್ ಅವರು ಮನಸ್ಸಿನಲ್ಲಿ ಬರೆದಿದ್ದ ಪುಸ್ತಕವನ್ನು ಕೇಂಬ್ರಿಜ್ಜಿನಲ್ಲಿ ಕುಳಿತು ಕಾಗದದ ಮೇಲೆ ಇಳಿಸಿದರು. 1993ರಲ್ಲಿ ಅದು ‘ಟೇಕನ್ ಆನ್ ಟ್ರಸ್ಟ್’ ಎಂದು ಹೊರಬಂದಿತು. ಸೆರೆಯಿಂದ ಬಂದವನು ಮನೆಯವರೊಡನೆ ಕೂಡಲೆ ಬೆರೆಯುವುದು ಸುಲಭವಲ್ಲ. ಸಮುದ್ರದ ಆಳದಿಂದ ಮೇಲಕ್ಕೆ ಬರುವವನಂತೆ ಮೆಲ್ಲಮೆಲ್ಲನೆ ಬರಬೇಕೆಂದು ಅವರು ಹೇಳುತ್ತಾರೆ. ಒತ್ತೆಯಾಳುಗಳ ಕುಟುಂಬದವರಿಗೆ ಬುದ್ಧಿ ಹೇಳಿ ಆಸರೆಯಾಗತಕ್ಕ ಒಂದು ಸಂಸ್ಥೆಯನ್ನು 2004ರಲ್ಲಿ ಸ್ಥಾಪಿಸಿದವರಲ್ಲಿ ಅವರೊಬ್ಬರು. ತಮ್ಮ ಪತ್ನಿ ಯಾರ ನೆರವೂ ಇಲ್ಲದೆ ಕಳೆದ ಐದು ವರ್ಷಗಳು ಅದಕ್ಕೆ ಪ್ರೇರಣೆಯಾಗಿರಬೇಕೆಂದು ನನಗೆ ತೋರುತ್ತದೆ.

2012ರ ಡಿಸೆಂಬರಿನಲ್ಲಿ, ಎಪ್ಪತ್ತಮೂರರ ವಯಸ್ಸಿನಲ್ಲಿ, ಅವರು ಮತ್ತೆ ಬೈರೂತಿಗೆ ಹೋದರು. ತಮ್ಮನ್ನು ಹಿಡಿದವರೊಡನೆ ನಂಟುಳ್ಳವರೆಂದು ಲೋಕವು ಹೇಳುವ ಹಿಜ್ಬುಲ್ಲಾ ಪಕ್ಷದ ಒಬ್ಬ ಮುಖಂಡನನ್ನು ಕಂಡರು. ಆ ಪಕ್ಷದವರು ಅಪಹರಣಗಳ ಹೊಣೆಯನ್ನು ಎಂದೂ ಒಪ್ಪಿಕೊಂಡವರಲ್ಲ. ವೇಟ್ ಅವರು ಒಪ್ಪಿಕೊಳ್ಳಿರೆಂದು ಕೇಳಲೂ ಹೋಗಿರಲಿಲ್ಲ. ಸಿರಿಯಾದ ಯುದ್ಧದಿಂದ ಓಡಿಬಂದ ನಿರಾಶ್ರಿತರು ಲೆಬನಾನಿನ ಬೆಟ್ಟದ ಚಳಿಯಲ್ಲಿ ನಡುಗುತ್ತಿದ್ದರು. ಅವರ ಒಲೆಗಳಿಗೆ ಎಣ್ಣೆಯನ್ನು ಒದಗಿಸಿಕೊಡಿರೆಂದು ಬೇಡಿದರು. ಆ ಎಣ್ಣೆ ಬಂದು ತಲುಪಿತೆಂದು ಅವರು ಹೇಳಿದ್ದಾರೆ.